ಪೂಲಿನ ನೀರು ನಿಂತದ್ದು ನನ್ನಿಂದಲ್ಲ

ಪುಟ್ಟವ್ವ, ಗುಂಡಪ್ಪ,

ನಿಮ್ಮ ಶಾಲೆಯ ಹೆಸರುಗಳನ್ನು ಇಲ್ಲಿ ಬರೆಯುವುದಿಲ್ಲ. ನಾನು ಕರೆಯುವ ಹೆಸರು ನಿಮಗೆ ಗೊತ್ತು, ಅಷ್ಟು ಸಾಕು. ನಾನು ಓದಿದ್ದು ಗುಡೇಕೋಟೆ ಕಡೆಯ ನಮ್ಮೂರ ಶಾಲೆಯಲ್ಲಿ, ಏಳನೇ ತರಗತಿಯವರೆಗೆ. ಅಕ್ಷರ ದುಂಡಗಿವೆ ಎಂದು ಮೇಷ್ಟ್ರು ಹೇಳುತ್ತಿದ್ದರು. ಆದರೆ ಮಾತು ನನಗೆ ಬರುವುದಿಲ್ಲ. ನಾಲ್ಕು ಜನರ ಮುಂದೆ ಬಾಯಿ ತೆರೆಯಬೇಕೆಂದರೆ ಗಂಟಲು ಕಟ್ಟುತ್ತದೆ. ಎದುರಿನವರು ಗಟ್ಟಿ ದನಿಯವರಾದರೆ ಮುಗಿದೇ ಹೋಯಿತು. ನಿಮ್ಮ ತಾಯಿಯ ತಾಯಿ, ಅಂದರೆ ನಿಮ್ಮ ಅರಸೀಕೆರೆ ಅಜ್ಜಿ, ಗಟ್ಟಿ ದನಿಯವರು. ಹೋದ ಬೇಸಿಗೆಯಲ್ಲಿ ನಮ್ಮ ಮನೆಯ ಪೂಲಿನ ನೀರು ಯಾಕೆ ನಿಂತಿತು ಎಂಬುದನ್ನು ಅವರು ನಿಮಗೆ ತಮ್ಮ ರೀತಿಯಲ್ಲಿ ಹೇಳಿದ್ದಾರೆ, ಇನ್ನೂ ಹೇಳುತ್ತಿದ್ದಾರೆ. ಅದಕ್ಕೇ ಬರೆಯುತ್ತಿದ್ದೇನೆ. ಇದನ್ನು ಓದಿ ನಿಮಗೆ ಅವರ ಮೇಲೆ ಸಿಟ್ಟು ಬಂದರೆ ಬರಲಿ. ನನ್ನ ಸಿಟ್ಟಂತೂ ಇನ್ನೂ ಇಳಿದಿಲ್ಲ.

ನಿಮ್ಮ ಅಪ್ಪ, ನನ್ನ ಮಗ, ಬೋರ್‌ವೆಲ್ ಲಾರಿ ಇಟ್ಟವನು. ಕೂಡ್ಲಿಗಿ, ಕೊಟ್ಟೂರು, ಹಡಗಲಿ, ಹರಪನಹಳ್ಳಿ ಎಲ್ಲ ಕಡೆಯೂ ಅವನು ಕೊರೆದ ಬೋರುಗಳಿವೆ. ಹಗರಿಬೊಮ್ಮನಹಳ್ಳಿಯ ಹೊರಗೆ ಈ ಮನೆ ಕಟ್ಟಿಸಿದಾಗ ಹಿತ್ತಿಲಲ್ಲಿ ಪೂಲ್ ತೋಡಿಸಿದ. ನಾನು ಬೇಡ ಎಂದೆ. "ಮಕ್ಕಳು ಕೆರಿ, ಕಾಲುವಿ ಅಂತ ಹುಡಿಕ್ಯಂಡು ಹೋಗೋದು ಬ್ಯಾಡವ್ವ, ಮನ್ಯಾಗ ಈಜು ಕಲೀಲಿ," ಎಂದ. ಆ ಮಾತಿಗೆ ನಾನು ಸುಮ್ಮನಾದೆ.

ನಮ್ಮ ಕಡೆ ಹೊಸ ಬಾವಿಯಲ್ಲಿ ನೀರು ಬಿದ್ದರೆ ಗಂಗಮ್ಮನಿಗೆ ಉಡಿ ತುಂಬುತ್ತಾರೆ. ಹಸಿರು ಕಣದಲ್ಲಿ, ಅಂದರೆ ಕುಪ್ಪಸದ ಬಟ್ಟೆಯ ತುಂಡಿನಲ್ಲಿ, ಅಕ್ಕಿ, ಉತ್ತತ್ತಿ, ಅರಿಷಿಣದ ಕೊಂಬು, ಹಸಿರು ಬಳೆ, ಎಲೆ ಅಡಿಕೆ ಇಟ್ಟು ಗಂಟು ಕಟ್ಟಿ, ಮುತ್ತೈದೆಯರು ಬಾವಿಗಿಳಿದು ನೀರು ಒಸರುವ ಸೆಲೆಯ ಕಣ್ಣಿಗೇ ಅದನ್ನು ಇಡುತ್ತಾರೆ. ಗಂಗಮ್ಮ ಬರುವ ದಾರಿಯಲ್ಲೇ ಅವಳಿಗೆ ಉಡಿ ಸಲ್ಲಬೇಕು ಎಂಬುದು ಪದ್ಧತಿ. ಪೂಲಿಗೂ ಹಾಗೆಯೇ ಮಾಡಿದರು. ಟೈಲ್ಸ್ ಹಾಕಿ ಮುಗಿದಿತ್ತು, ನೀರು ಇನ್ನೂ ಬಿಟ್ಟಿರಲಿಲ್ಲ. ನಿಮ್ಮ ಅರಸೀಕೆರೆ ಅಜ್ಜಿ ಮುಂದೆ ನಿಂತು, ಓಣಿಯ ಹೆಂಗಸರನ್ನು ಕರೆದುಕೊಂಡು ಏಣಿಯಿಂದ ಇಳಿದರು. ನನಗೆ ಯಾರೂ ಬರಬೇಡ ಎನ್ನಲಿಲ್ಲ. ನಿಮ್ಮ ಅವ್ವ ಒಳಗೆ ಬಂದು, "ಅತ್ತಿ, ಪಾಯಸ ನೋಡಿಕೋರಿ, ತಳ ಹತ್ತೀತು," ಎಂದಳು. ಗಂಡನಿಲ್ಲದವಳಿಗೆ ಇಷ್ಟು ಹೇಳಿದರೆ ಅರ್ಥವಾಗುತ್ತದೆ. ಸೌಟು ಹಿಡಿದು ನಿಂತೆ. ಹಿತ್ತಿಲಲ್ಲಿ ಅವರು ಹಾಡುವುದು, ನಗುವುದು ಕೇಳುತ್ತಿತ್ತು. ಉಡಿಯನ್ನು ಎಲ್ಲಿಟ್ಟರು ಎಂದು ನಾನು ನೋಡಲಿಲ್ಲ, ಕೇಳಲೂ ಇಲ್ಲ.

ಆಮೇಲೆ ನೀರು ತುಂಬಿಸಿದರು. ಕೆಲವು ವಾರ ನಾನು ಅದರ ಹತ್ತಿರ ಹೋಗಲಿಲ್ಲ. ಹೊಸಪೇಟೆಯ ಡಾಕ್ಟರು ನನ್ನ ಮಂಡಿ ನೋಡಿ, ಸೊಂಟದ ಮಟ್ಟದ ನೀರಿನಲ್ಲಿ ದಿನಾ ನಡೆಯಿರಿ, ಬೇರೆ ಮದ್ದಿಗಿಂತ ಅದು ಒಳ್ಳೆಯದು ಎಂದ ಮೇಲೆ ನಿಮ್ಮ ಅಪ್ಪನೇ ನನ್ನ ಕೈ ಹಿಡಿದು ಇಳಿಸಿದ. ಹಳೆಯ ನೂಲಿನ ಸೀರೆ ಕಚ್ಚೆ ಹಾಕಿ ಉಟ್ಟು, ಬೆಳಗಾಗುತ್ತಲೇ ಇಳಿಯುತ್ತಿದ್ದೆ. ಯಾರೂ ನೋಡದ ಹೊತ್ತು ಅದು. ಪೂಲಿನ ಗೋಡೆಯಲ್ಲಿ ದುಂಡಗಿನ ಸಣ್ಣ ಕಣ್ಣುಗಳಿವೆಯಲ್ಲ, ಅಲ್ಲಿಂದ ನೀರು ರಭಸವಾಗಿ ಒಳಗೆ ಬರುತ್ತದೆ. ಅದಕ್ಕೆ ಮಂಡಿ ಒಡ್ಡಿ ನಿಲ್ಲುತ್ತಿದ್ದೆ. ಎಣ್ಣೆ ಹಚ್ಚಿ ತಿಕ್ಕಿದರೂ ಆಗದ ಹಿತ ಅದರಲ್ಲಿತ್ತು. ಮದುವೆಯಾಗಿ ಬಂದ ಮೇಲೆ ನನ್ನ ಮೈಗೆ ಅಂತ ಒಂದು ಹೊತ್ತನ್ನು ನಾನು ಇಟ್ಟುಕೊಂಡದ್ದು ಆಗಲೇ.

ಹಾಗಾಗಿ ನೀರಿನ ಬಲ ಕಡಿಮೆಯಾದದ್ದು ಮೊದಲು ಗೊತ್ತಾದದ್ದು ನನ್ನ ಮಂಡಿಗೆ.

"ಅಪ್ಪಾ, ಕಣ್ಣಿನಾಗ ನೀರು ಮೊದಲಿನಂಗ ಒತ್ತವಲ್ದು ನೋಡು," ಎಂದೆ ನಿಮ್ಮ ಅಪ್ಪನಿಗೆ.

"ನಿನಗ ಹಂಗ ಅನಸ್ತೈತಿ ಬಿಡವ್ವ. ಮೋಟರ್ ಹೊಸಾದು."

ಆದರೆ ಬೇವಿನೆಲೆಗಳು ಸುಳ್ಳು ಹೇಳಲಿಲ್ಲ. ಮೊದಲು ನೀರಿನ ಮೇಲೆ ಬಿದ್ದ ಎಲೆ ಮೆಲ್ಲಗೆ ತೇಲಿಕೊಂಡು ಪಕ್ಕದ ಗೋಡೆಯ ಬಾಯಿಗೆ ಹೋಗಿ, ಅಲ್ಲಿನ ಬುಟ್ಟಿಯಲ್ಲಿ ಕೂಡುತ್ತಿತ್ತು. ಈಗ ಬಿದ್ದ ಎಲೆ ಬಿದ್ದಲ್ಲೇ ತಿರುಗುತ್ತಿತ್ತು. ಮೂಲೆಯ ಟೈಲ್ಸ್ ಕಾಲಿಗೆ ಜಾರತೊಡಗಿತು, ನೀರಿಗೆ ಹಸಿರು ಛಾಯೆ ಬಂತು. ಆಗ ನಿಮ್ಮ ಅಪ್ಪ ಎದ್ದ.

ನಿಮಗೆ ಮುಂದೆ ಉಪಯೋಗಕ್ಕೆ ಬರಲಿ ಎಂದು ಇದನ್ನು ಸರಿಯಾಗಿ ಬರೆಯುತ್ತೇನೆ. ಪೂಲಿನ ಮೋಟರ್ ಎರಡು ಕಡೆಯಿಂದ ನೀರು ಎಳೆಯುತ್ತದೆ: ಪಕ್ಕದ ಗೋಡೆಯ ಬಾಯಿ ಒಂದು, ತಳದಲ್ಲಿರುವ ಜಾಲರಿ ಇನ್ನೊಂದು. ಎಳೆದ ನೀರು ಒಂದು ಬುಟ್ಟಿಯಲ್ಲಿ ಸೋಸಿ, ಮೋಟರ್ ದಾಟಿ, ಮರಳು ತುಂಬಿದ ಫಿಲ್ಟರಿಗೆ ಹೋಗಿ, ಗೋಡೆಯ ಕಣ್ಣುಗಳಿಂದ ಮರಳಿ ಬರುತ್ತದೆ. ನಿಮ್ಮ ಅಪ್ಪ ಬುಟ್ಟಿಗಳನ್ನು ತೊಳೆದ. ಮರಳಿನೊಳಗೆ ನೀರನ್ನು ಹಿಮ್ಮುಖವಾಗಿ ಹರಿಸಿ ಕೊಳೆ ತೆಗೆದ. ಏನೂ ಆಗಲಿಲ್ಲ. ಫಿಲ್ಟರಿನ ಮೇಲಿನ ಮೀಟರ್ ತೋರಿಸಿ, "ಮುಳ್ಳು ಮ್ಯಾಲ ಏರಿದ್ರ ಮರಳು ಕಟ್ಟೈತಿ ಅಂತ. ಇದು ಕೆಳಗ ಬಿದ್ದೈತಿ. ಮೋಟರಿಗೇ ನೀರು ಸಾಲವಲ್ದು," ಎಂದ.

ಅಲ್ಲಿಯವರೆಗೆ ಸರಿಯಾಗಿಯೇ ಯೋಚಿಸಿದ್ದ. ಅಲ್ಲಿಂದ ಮುಂದೆ ಅವನೊಳಗಿನ ಬೋರಿನವನು ಎದ್ದುಬಿಟ್ಟ. ಬೋರಿನವರಿಗೆ ನೀರು ಕಡಿಮೆಯಾದರೆ ತೋಚುವುದು ಎರಡೇ: ಇನ್ನಷ್ಟು ಆಳ ಕೊರೆಯುವುದು, ಇಲ್ಲವೇ ದೊಡ್ಡ ಮೋಟರ್ ಇಳಿಸುವುದು. ಪೂಲನ್ನು ಕೊರೆಯಲು ಬರುವುದಿಲ್ಲವಲ್ಲ, ದೊಡ್ಡ ಮೋಟರ್ ತಂದು ಕೂಡಿಸಿದ. ಅದು ಗೊರಗೊರ ಎಂದು ಬೀಸುಕಲ್ಲಿನಂತೆ ಸದ್ದು ಮಾಡಿತು. ಮೋಟರಿನ ಮುಂದಿನ ಬುಟ್ಟಿಯ ಗಾಜಿನ ಮುಚ್ಚಳದ ಕೆಳಗೆ ನೀರಿನ ಬದಲು ಗುಳ್ಳೆಗಳೇ ಕುಣಿದವು. ಮುಚ್ಚಳದ ರಬ್ಬರ್ ಬಳೆಯಲ್ಲಿ ಗಾಳಿ ಎಳೆಯುತ್ತಿದೆ ಎಂದು ಅದನ್ನೂ ಬದಲಿಸಿದ. ಗೋಡೆಯ ಕಣ್ಣಿನಿಂದ ಬರುವ ನೀರು ಇನ್ನಷ್ಟು ಸಣ್ಣಗಾಯಿತು.

ನಿಮ್ಮ ಅರಸೀಕೆರೆ ಅಜ್ಜಿ ಬೇಸಿಗೆ ರಜೆಗೆ ಬಂದದ್ದು ಆ ವಾರವೇ. ಬಂದವರು ಪೂಲಿನ ಕಟ್ಟೆಯ ಮೇಲೆ ಕುರ್ಚಿ ಹಾಕಿಸಿಕೊಂಡು ಕುಳಿತರು.

"ಮೋಟರ್‌ದು ಏನು ತಪ್ಪೈತೆ ಅಳಿಯಂದ್ರೆ," ಎಂದರು ನಿಮ್ಮ ಅಪ್ಪನಿಗೆ. "ದಿನಾ ಸೀರೆ ಉಟ್ಕಂಡೇ ಇಳೀತಾರೆ. ಸೀರೆ ದಾರ, ತಲೆ ಎಣ್ಣೆ ಎಲ್ಲಿಗೆ ಹೋಗ್ಬೇಕು? ಪೈಪಿಗೇ ಹೋಗ್ಬೇಕು."

"ಇದ್ರೂ ಇರಬೌದು," ಎಂದ ನಿಮ್ಮ ಅಪ್ಪ. ನಾನು ಅಲ್ಲೇ ಬಟ್ಟೆ ಹಿಂಡುತ್ತಿದ್ದೆ. ನನ್ನ ಮಗ ಅಷ್ಟೇ ಹೇಳಿದ್ದು.

ಇದು ಗಂಡಸರ ಮುಂದೆ ಹೇಳುವ ಮಾತು. ಅಡುಗೆ ಮನೆಯಲ್ಲಿ, ಪಕ್ಕದ ಮನೆಯ ಹೆಂಗಸರು ಬಂದಾಗ ಹೇಳುವುದು ಬೇರೆಯೇ ಇತ್ತು. ನಾನು ಒಳಮನೆಯಲ್ಲಿ ಜೋಳ ಹಸನು ಮಾಡುತ್ತಿದ್ದೆ, ಗೋಡೆಗೆ ಕಿವಿ ಇಡುವ ಅಗತ್ಯವೂ ಇರಲಿಲ್ಲ.

"ಮುತ್ತೈದೇರು ಉಡಿ ತುಂಬಿದ ನೀರವ್ವ ಅದು. ಅದಕ್ಕೆ ಇಂಥವರು ಇಳಿದ್ರೆ ಗಂಗಮ್ಮ ನಿಲ್ತಾಳೇನು? ಹೊರಟೇ ಹೋದ್ಲು."

"ಹಂಗೂ ಇರತೈತ್ಯಾ?" ಎಂದಳು ಒಬ್ಬಳು.

"ನೀರು ಕಡಿಮೆ ಆಗೈತೆ ಅಂತ ಮೊದ್ಲು ಹೇಳಿದ್ಯಾರು ಕೇಳು. ಅವರೇ. ಅವರಿಗೆ ಹೆಂಗೆ ಗೊತ್ತಾತು ಮತ್ತೆ?"

ದಾರದ ಮಾತು ಒಂದು ಕಡೆ, ದೇವರ ಮಾತು ಇನ್ನೊಂದು ಕಡೆ. ಯಾರು ಯಾವುದನ್ನು ನಂಬುತ್ತಾರೋ ಅವರಿಗೆ ಅದು. ಇಷ್ಟು ಜಾಣತನವನ್ನು ಅವರು ಬೇರೆ ಯಾವುದಕ್ಕೂ ಬಳಸಿದ್ದನ್ನು ನಾನು ಕಂಡಿಲ್ಲ.

ಮರುದಿನ ನಿಮ್ಮ ಅವ್ವ ನನ್ನ ಹತ್ತಿರ ಬಂದು ನೆಲ ನೋಡುತ್ತ, "ಅತ್ತಿ, ರಿಪೇರಿ ಆಗೋತನ ನೀವು ಇಳಿಬ್ಯಾಡ್ರಿ," ಎಂದಳು. "ನಾ ಏನೂ ನಂಬಂಗಿಲ್ರಿ. ಅವ್ವ ಕುಂತ್ರ ನಿಂತ್ರ ಅದನ್ನ ಅಂತಾಳ, ನನಗೂ ತಲಿ ಕೆಟ್ಟೈತಿ."

"ಆತವ್ವ," ಎಂದೆ. ನಂಬದಿದ್ದರೆ ನನಗೆ ಯಾಕೆ ಹೇಳಲು ಬಂದೆ ಎಂದು ಕೇಳಬೇಕಿತ್ತು.

ಪುಟ್ಟವ್ವ, ಇದರ ಮುಂದಿನದನ್ನು ನೀನು ಮರೆತಿರಬಹುದು. ಆ ದಿನ ಸಂಜೆ ನೀನು ಪೂಲಿನ ಮೆಟ್ಟಿಲ ಮೇಲೆ ಕಾಲು ಇಳಿಬಿಟ್ಟು ಕುಳಿತಿದ್ದೆ. ನಾನು ಪಕ್ಕದಲ್ಲಿ ಕುಳಿತು ನೀರಿಗೆ ಪಾದ ಇಟ್ಟೆ. ನೀನು ತಟ್ಟನೆ ನಿನ್ನ ಕಾಲು ಎತ್ತಿಕೊಂಡೆ.

"ಅಜ್ಜಿ, ನೀ ಇಡಬ್ಯಾಡ. ನೀ ಇಟ್ರ ಗಂಗಮ್ಮ ಹೋಗಿಬಿಡ್ತಾಳಂತ."

"ಯಾರು ಹೇಳಿದ್ರು?"

"ಅರಸೀಕೆರೆ ಅಜ್ಜಿ."

ಗುಂಡಪ್ಪ ಹಿಂದೆ ನಿಂತು, "ಹೌದು, ನನಗೂ ಹೇಳ್ಯಾಳ," ಎಂದ.

ನಿಮ್ಮ ತಪ್ಪಿಲ್ಲ. ದೊಡ್ಡವರು ಹೇಳಿದ್ದನ್ನು ಮಕ್ಕಳು ನಂಬಬೇಕು. ನಾನು ಪಾದ ತೆಗೆದು ಸೀರೆಯಲ್ಲಿ ಒರೆಸಿಕೊಂಡು ಒಳಗೆ ಹೋದೆ. ಮಂಡಿ ನೋವನ್ನು ನಾನು ತಡೆದುಕೊಳ್ಳಬಲ್ಲೆ. ನೀರಿಗೆ ಇಳಿಯದೆಯೇ ಇಷ್ಟು ವರ್ಷ ಕಳೆದಿದ್ದೇನೆ. ಆದರೆ ಅಜ್ಜಿಯ ಕಾಲು ತಗುಲಿದರೆ ನೀರು ಕೆಡುತ್ತದೆ ಎಂದು ನಂಬಿಕೊಂಡು ನೀವಿಬ್ಬರೂ ದೊಡ್ಡವರಾಗುವುದು ನನಗೆ ಬೇಕಿರಲಿಲ್ಲ. ಅಂದಿನಿಂದ ಆ ಪೂಲಿನ ನೀರು ಯಾಕೆ ನಿಂತಿದೆ ಎಂದು ಗೊತ್ತಾಗುವುದು ನಿಮ್ಮ ಅಪ್ಪನಿಗಿಂತ ನನಗೇ ಹೆಚ್ಚು ಬೇಕಾಯಿತು.

ಹೊತ್ತು ಬಹಳ ಇರಲಿಲ್ಲ. ಬರುವ ಶುಕ್ರವಾರ ಸ್ವಾಮಿಗಳನ್ನು ಕರೆಸಿ ಪೂಲಿಗೆ ಶುದ್ಧಿ ಮಾಡಿಸುವುದೆಂದು ನನ್ನ ಬೀಗತಿ, ನಿಮ್ಮ ಅರಸೀಕೆರೆ ಅಜ್ಜಿ, ಗೊತ್ತುಮಾಡಿದ್ದರು. ಅಷ್ಟರೊಳಗೆ ನಾನು ನಮ್ಮೂರಿಗೆ, ನನ್ನ ತಂಗಿಯ ಮನೆಗೆ ಹೋಗಿ ಸ್ವಲ್ಪ ದಿನ ಇರಬೇಕಂತೆ. "ಅಲ್ಲಿ ಗಾಳಿ ಚೆನ್ನಾಗೈತೆ ಬೀಗರ, ಮಂಡಿಗೂ ಒಳ್ಳೇದು," ಎಂದು ನನಗೇ ಹೇಳಿದರು. ಅವರು ನನಗಾಗಿ ಇಷ್ಟು ಮೆತ್ತಗೆ ಮಾತಾಡಿದ್ದು ಅದೊಂದೇ ಸಲ.

ಬುಧವಾರ ಮಧ್ಯಾಹ್ನ ನಿಮ್ಮ ಅಪ್ಪ ಮತ್ತೆ ಮೋಟರಿನ ಮುಂದೆ ಕುಳಿತ. ನಾನು ಒಣಗಿದ ಬಟ್ಟೆ ತೆಗೆಯುವ ನೆವದಲ್ಲಿ ಅಲ್ಲೇ ನಿಂತೆ. ಬೀಗತಿ ಕುರ್ಚಿಯಲ್ಲಿದ್ದರು, ನಿಮ್ಮ ಅವ್ವ ಬಾಗಿಲಲ್ಲಿ. ಗಾಜಿನ ಮುಚ್ಚಳ ಬಿಚ್ಚಿ ಬುಟ್ಟಿ ಎತ್ತಿದಾಗ ಅದರೊಳಗೆ ಉದ್ದನೆಯ ದಾರದ ಸಿಕ್ಕು ಇತ್ತು. ಬೀಗತಿ ಕುರ್ಚಿಯಿಂದ ಎದ್ದೇ ಬಂದರು. ಎರಡು ಬೆರಳಲ್ಲಿ ಹಿಡಿದು ಎಲ್ಲರಿಗೂ ಕಾಣುವ ಹಾಗೆ ಎತ್ತಿದರು.

"ನಾನೇನಂದಿದ್ದೆ? ನೋಡ್ರಿ. ಸೀರೆ ದಾರ."

ನಿಮ್ಮ ಅಪ್ಪ ನನ್ನ ಕಡೆ ನೋಡಿದ. ಆ ನೋಟ ನೆನೆದರೆ ನನಗೆ ಇವತ್ತಿಗೂ ಉರಿಯುತ್ತದೆ. ದಾರದಿಂದ ನೀರು ತೊಟ್ಟಿಕ್ಕುತ್ತಿತ್ತು. ಬಿಸಿಲಿಗೆ ಅದರ ಬಣ್ಣ ಚೆನ್ನಾಗಿ ಕಂಡಿತು.

"ಅದು ಹಸಿರೈತಿ," ಎಂದೆ. ನನ್ನ ದನಿ ನನಗೇ ಸರಿಯಾಗಿ ಕೇಳಲಿಲ್ಲ.

"ಹಸಿರಾದ್ರೇನು?" ಎಂದರು ಬೀಗತಿ.

"ನನ್ನ ಪೆಟ್ಟಿಗ್ಯಾಗ ಹಸಿರು ಸೀರಿ ಒಂದೂ ಇಲ್ರಿ ಬೀಗರ. ಇವರಪ್ಪ ತೀರಿಕೊಂಡಾಗ ನೀವ ಮುಂದ ನಿಂತು ತಗಸಿ ಕೊಡಸೀರಿ. ಈಗ ಮರತ್ರ್ಯಾ?"

ನಮ್ಮಲ್ಲಿ ಗಂಡ ಹೋದವಳು ಹಸಿರು ಉಡುವುದಿಲ್ಲ, ಹಸಿರು ಬಳೆ ಇಡುವುದಿಲ್ಲ. ಅದು ಅವರಿಗೆ ನನಗಿಂತ ಚೆನ್ನಾಗಿ ಗೊತ್ತಿತ್ತು. ನಿಮ್ಮ ಅಪ್ಪ ಬುಟ್ಟಿಯೊಳಗೆ ಬೆರಳಾಡಿಸಿ, ಉಬ್ಬಿ ಮೆತ್ತಗಾದ ಏನನ್ನೋ ತೆಗೆದು ಅಂಗೈಯಲ್ಲಿಟ್ಟು ನೋಡಿದ.

"ಪೂಲಿನಾಗ ಉತ್ತತ್ತಿ ಯಾಕ ಬಂತು?"

ಬೀಗತಿ ದಾರ ಕೆಳಗೆ ಬಿಟ್ಟರು.

ಅವನು ಪೂಲ್ ಕಟ್ಟಿಕೊಟ್ಟ ಹೊಸಪೇಟೆಯ ಕಂಟ್ರಾಕ್ಟರಿಗೆ ಫೋನ್ ಮಾಡಿ, ಅವರು ಹೇಳಿದಂತೆ ಪರೀಕ್ಷೆ ಮಾಡಿದ. ಮೊದಲು ತಳದ ಜಾಲರಿಯಿಂದ ಬರುವ ಪೈಪಿನ ವಾಲ್ ಮುಚ್ಚಿ, ಪಕ್ಕದ ಬಾಯಿಯಿಂದ ಮಾತ್ರ ನೀರು ಎಳೆಸಿದ. ಮೋಟರಿನ ಗೊರಗೊರ ಕಡಿಮೆಯಾಯಿತು, ಕಣ್ಣುಗಳಿಂದ ನೀರೂ ತಕ್ಕಮಟ್ಟಿಗೆ ಬಂತು. ಆಮೇಲೆ ಅದನ್ನು ಮುಚ್ಚಿ ತಳದ್ದನ್ನು ಮಾತ್ರ ತೆರೆದ. ಮುಚ್ಚಳದ ಕೆಳಗಿನ ನೀರು ಬರಿದಾಗಿ ಮೋಟರ್ ಕಿರುಚಿತು. ಕೂಡಲೇ ನಿಲ್ಲಿಸಿದ. ಕಟ್ಟಿದ್ದು ತಳದ ದಾರಿ. ಇಷ್ಟು ದಿನ ಮೇಲಿನ ಬುಟ್ಟಿಯನ್ನೇ ತೊಳೆಯುತ್ತ ಕುಳಿತಿದ್ದ.

ಮೋಟರಿನ ಸ್ವಿಚ್ಚಿನ ಹತ್ತಿರ ನಿಮ್ಮ ಅವ್ವನನ್ನು ನಿಲ್ಲಿಸಿ, ಯಾರೂ ಮುಟ್ಟಬಾರದು ಎಂದು ಹೇಳಿ ಅವನು ಮುಳುಗಿದ. ಇದನ್ನು ನೆನಪಿಡಿ, ಮೋಟರ್ ಎಳೆಯುವಾಗ ತಳದ ಜಾಲರಿಯ ಹತ್ತಿರ ಎಂದೂ ಹೋಗಬೇಡಿ. ಎರಡು ಮೂರು ಸಲ ಮೇಲೆ ಬಂದು ಉಸಿರು ತೆಗೆದುಕೊಂಡ. ಜಾಲರಿ ಬಿಚ್ಚಿ ಅದರ ಕೆಳಗಿನ ಗುಂಡಿಯಲ್ಲಿ ಕೈ ಹಾಕಿದಾಗ ಬಟ್ಟೆ ಸಿಕ್ಕಿತು, ಎಳೆದರೆ ಬರಲಿಲ್ಲ. ದೊಡ್ಡ ಮೋಟರ್ ಅದನ್ನು ಪೈಪಿನೊಳಗೆ ಇನ್ನಷ್ಟು ಎಳೆದು ಸಿಕ್ಕಿಸಿತ್ತು. ಕೊನೆಗೆ ಮೋಟರಿನ ಕಡೆಯಿಂದ ಪೈಪ್ ಬಿಚ್ಚಿ, ಬೋರಿನ ನೀರನ್ನು ಹಿಮ್ಮುಖವಾಗಿ ನುಗ್ಗಿಸಿದ ಮೇಲೆ ಸಡಿಲಾಯಿತು. ಮತ್ತೆ ಮುಳುಗಿ ತಂದು ಕಟ್ಟೆಯ ಮೇಲೆ ಹಾಕಿದ. ಲೋಳೆ ಹಿಡಿದ ಹಸಿರು ಕಣ. ಅದರಲ್ಲಿ ಅರಿಷಿಣದ ಕೊಂಬು, ಒಡೆದ ಬಳೆ, ಇನ್ನೆರಡು ಉತ್ತತ್ತಿ.

"ಅತ್ತಿ, ಇದನ್ನ ಯಾಕ ಅಲ್ಲಿಟ್ರಿ?" ಎಂದ ಬೀಗತಿಗೆ.

"ಮತ್ತೆಲ್ಲಿ ಇಡ್ಲಿ? ಸೆಲೆ ಕಣ್ಣಿಗೆ ಇಡಬೇಕಲ್ಲಪ್ಪ. ನೀರು ಬರೋ ಜಾಗಕ್ಕೆ."

"ಅದು ನೀರು ಬರೋ ಜಾಗ ಅಲ್ರಿ. ಹೋಗೋ ಜಾಗ."

"ನಂಗೇನು ಗೊತ್ತು. ತಳದಾಗೆ ಇದ್ದಿದ್ದು ಅದೊಂದೇ ತೂತು. ಜಾಲರಿ ಬೇರೆ ಸಡಿಲ ಇತ್ತು, ಎತ್ತಿ ಇಟ್ಟೆ."

ನ್ಯಾಯವಾಗಿ ಹೇಳಬೇಕು. ಅವರ ಜಾಗದಲ್ಲಿ ನಾನಿದ್ದರೂ ಅಲ್ಲಿಯೇ ಇಡುತ್ತಿದ್ದೆ. ಬಾವಿ ಕಂಡ ನಮ್ಮಂಥವರಿಗೆ ತಳದ ತೂತೆಂದರೆ ಸೆಲೆಯೇ. ಗಂಟು ಗಟ್ಟಿಯಿರುವ ತನಕ ನೀರು ಅದರ ಪಕ್ಕದಿಂದ ಹೋಗುತ್ತಿತ್ತು. ಬಟ್ಟೆ ನೆನೆದು ಗಂಟು ಬಿಚ್ಚಿದ ಮೇಲೆ ಪೈಪಿನ ಬಾಯಿಗೆ ಹರಡಿಕೊಂಡಿತು. ನಾನು ನೀರಿಗೆ ಇಳಿಯಲು ಶುರು ಮಾಡಿದ್ದೂ ಅದೇ ದಿನಗಳಲ್ಲಿ, ಅಷ್ಟೇ. ಉಡಿ ಇಟ್ಟದ್ದಕ್ಕೆ ನನಗೆ ಅವರ ಮೇಲೆ ಸಿಟ್ಟಿಲ್ಲ.

ಸಿಟ್ಟು ಬಂದದ್ದು ಆಮೇಲೆ ನಡೆದದ್ದಕ್ಕೆ. ಕಟ್ಟೆಯೆಲ್ಲ ಲೋಳೆಯಾಗಿತ್ತು, ನೀವಿಬ್ಬರೂ ಓಡಾಡಿ ಜಾರುತ್ತೀರೆಂದು ನಾನು ಆ ಕಣವನ್ನು ತೆಗೆದಿಡಲು ಬಗ್ಗಿದೆ.

"ನೀವು ಮುಟ್ಟಬ್ಯಾಡ್ರಿ," ಎಂದರು ಬೀಗತಿ. "ಉಡಿ ಕಣ ಅದು."

ಇಷ್ಟೆಲ್ಲ ಕಣ್ಣೆದುರಿಗೆ ಆದ ಮೇಲೂ ಅದೇ ಮಾತು. ನನ್ನ ಬೆನ್ನು ಬಗ್ಗಿಯೇ ಇತ್ತು. ಹಾಗೆಯೇ ಇದ್ದು ಹೇಳಿದೆ:

"ಮೋಟರ್ ಮುಟ್ಟೈತಿ, ಫಿಲ್ಟರ್ ಮುಟ್ಟೈತಿ, ಪಾಚಿ ಮುಟ್ಟೈತಿ. ನಾ ಒಬ್ಬಾಕಿ ಮುಟ್ಟಿದ್ರ ಏನಾಗತೈತ್ರಿ?"

ಎತ್ತಿ ಹಿಂಡಿ, ತುಳಸಿ ಕಟ್ಟೆಯ ಬುಡದಲ್ಲಿ ಇಟ್ಟು ಬಂದೆ. ಬೀಗತಿ ಮಗಳ ಕಡೆ ತಿರುಗಿ, "ಅಂತೂ ಗಂಗಮ್ಮ ಉಡಿ ವಾಪಸ್ ಕೊಟ್ಲು. ಯಾಕೆ ಕೊಟ್ಲು ಅಂತ ನೀವೇ ಯೋಚ್ನೆ ಮಾಡ್ರಿ," ಎಂದರು. ನೋಡಿ, ಪೈಪು ಖಾಲಿಯಾದರೂ ಅವರ ಮಾತು ಖಾಲಿಯಾಗಲಿಲ್ಲ.

"ಅವ್ವಾ, ಸಾಕು ಸುಮ್ಮನಿರು," ಎಂದಳು ನಿಮ್ಮ ಅವ್ವ. ಅದನ್ನು ಒಂದು ವಾರ ಮೊದಲು ಹೇಳಬಹುದಿತ್ತು.

ನಿಮ್ಮ ಅಪ್ಪ ಜಾಲರಿಯನ್ನು ಸ್ಕ್ರೂ ಹಾಕಿ ಬಿಗಿದು, ಹಳೆಯ ಮೋಟರನ್ನೇ ಮತ್ತೆ ಕೂಡಿಸಿದ. ಸ್ವಿಚ್ ಹಾಕಿದಾಗ ಗೋಡೆಯ ಕಣ್ಣುಗಳಿಂದ ಮೊದಲು ಕಲಕು ನೀರು, ಆಮೇಲೆ ತಿಳಿನೀರು ನುಗ್ಗಿತು. ಅವನು ನನ್ನ ಹತ್ತಿರ ಬಂದು ಏನೋ ಹೇಳಲು ಹೋದ, ಕೊನೆಗೆ, "ಚಾ ಮಾಡ್ತೀ ಏನವ್ವ?" ಎಂದ. ನಾನು ಮಾಡಲಿಲ್ಲ. ಒಳಗೆ ಹೋಗಿ ನೂಲಿನ ಸೀರೆ ಉಟ್ಟು ಬಂದೆ.

ಹಾಡಹಗಲು. ಓಣಿಯ ಹೆಂಗಸರಿಬ್ಬರು ಸದ್ದು ಕೇಳಿ ಬಂದು ಕಾಂಪೌಂಡಿನ ಹತ್ತಿರ ನಿಂತಿದ್ದರು. ಅಷ್ಟು ಜನರ ಮುಂದೆ ನಾನು ಒದ್ದೆ ಸೀರೆಯಲ್ಲಿ ನಿಂತದ್ದು ಜೀವನದಲ್ಲಿ ಅದೇ ಮೊದಲು. ಕಂಬಿ ಹಿಡಿದು ಒಂದೊಂದೇ ಮೆಟ್ಟಿಲು ಇಳಿದೆ.

"ಇನ್ಮೇಲೆ ಈ ನೀರಿಗೆ ನಾನಂತೂ ಕಾಲಿಡಂಗಿಲ್ಲ," ಎಂದರು ಬೀಗತಿ, ಎಲ್ಲರಿಗೂ ಕೇಳುವ ಹಾಗೆ.

"ಇಡಬ್ಯಾಡ್ರಿ ಬೀಗರ," ಎಂದೆ. ಅಷ್ಟೇ ಹೇಳಲು ಬಂದದ್ದು. ಮಂಡಿಯನ್ನು ಗೋಡೆಯ ಕಣ್ಣಿಗೆ ಒಡ್ಡಿದೆ. ನೀರು ನನ್ನನ್ನು ಹಿಂದಕ್ಕೆ ದೂಡಿತು.

ಶುಕ್ರವಾರದ ಶುದ್ಧಿಯ ಮಾತನ್ನು ಆಮೇಲೆ ಯಾರೂ ಎತ್ತಲಿಲ್ಲ. ನಾನು ಊರಿಗೆ ಹೋಗಲಿಲ್ಲ, ಬೀಗತಿಯೇ ತಮ್ಮೂರಿಗೆ ಹೋದರು. ಹಬ್ಬಗಳಿಗೆ ಬರುತ್ತಾರೆ. ನಾನು ಬಡಿಸುತ್ತೇನೆ, ಅವರು ಉಣ್ಣುತ್ತಾರೆ. ನಮ್ಮ ನಡುವೆ ಸಾರು, ಉಪ್ಪಿನಕಾಯಿ ಬಿಟ್ಟರೆ ಬೇರೆ ಮಾತಿಲ್ಲ. ಆದರೆ ನಿಮ್ಮನ್ನು ಪಕ್ಕದಲ್ಲಿ ಮಲಗಿಸಿಕೊಂಡು ಗಂಗಮ್ಮ ಉಡಿ ವಾಪಸ್ ಕೊಟ್ಟ ಕಥೆ ಹೇಳುವುದನ್ನು ಅವರು ಬಿಟ್ಟಿಲ್ಲ. ಅದರಲ್ಲಿ ಉಡಿ ಎಲ್ಲಿತ್ತು ಎಂಬುದು ಬರುವುದಿಲ್ಲ, ಅವಳು ಯಾರ ಮೇಲೆ ಮುನಿದಳು ಎಂಬುದು ಮಾತ್ರ ಬರುತ್ತದೆ.

ನಾನು ಹಾಡಹಗಲು ನೀರಿಗಿಳಿದ ಆ ದಿನ ಗುಂಡಪ್ಪ ಎಂದಿನಂತೆ ಕಟ್ಟೆಯಿಂದ ನೀರಿಗೆ ಧುಮುಕಿ ನನ್ನ ಕೊರಳಿಗೆ ಜೋತುಬಿದ್ದ. ಪುಟ್ಟವ್ವ, ನೀನು ಮೆಟ್ಟಿಲ ಮೇಲೆಯೇ ನಿಂತಿದ್ದೆ, ಇಳಿಯಲಿಲ್ಲ. ಈಗ ಇಳಿಯುತ್ತೀ, ನನ್ನ ಜೊತೆ ಆಡುತ್ತೀ. ಆದರೂ ನಾನು ನೀರಿಗೆ ಬಂದ ಕೂಡಲೇ ಗೋಡೆಯ ಕಣ್ಣಿಗೆ ಒಮ್ಮೆ ಅಂಗೈ ಹಿಡಿದು ನೋಡುತ್ತೀ, ನೀರು ಇನ್ನೂ ಬರುತ್ತಿದೆಯೇ ಎಂದು. ನಿನಗೇ ಗೊತ್ತಿಲ್ಲದೆ ಮಾಡುತ್ತೀ. ನಾನು ಕಂಡರೂ ಕಾಣದಂತೆ ಇರುತ್ತೇನೆ, ಬಾಯಿಬಿಟ್ಟು ಹೇಳಲು ನನ್ನಿಂದ ಆಗುವುದಿಲ್ಲ.

ಬರೆಯಲು ಮಾತ್ರ ಆಗುತ್ತದೆ. ಈ ಹಾಳೆಗಳನ್ನು ನಿಮ್ಮ ಶಾಲೆಯ ಪುಸ್ತಕಗಳ ನಡುವೆ ಇಟ್ಟುಕೊಳ್ಳಿ, ದೇವರ ಮನೆಯಲ್ಲಿ ಇಡಬೇಡಿ. ಮನೆ ಸುಣ್ಣಬಣ್ಣ ಮಾಡುವಾಗ ಹಳೆಯ ಕಾಗದವೆಂದು ಯಾರಾದರೂ ಒಲೆಗೆ ಕೇಳಿದರೆ ಕೊಡಬೇಡಿ, ಕೇಳಿದವರು ನಿಮ್ಮ ಅವ್ವನೇ ಆದರೂ. ನೀರು ಬರುತ್ತಿದೆಯೇ ಎಂದು ಕೈ ಹಿಡಿದು ನೋಡಬೇಕೆನಿಸಿದ ದಿನ, ಪುಟ್ಟವ್ವ, ಇವನ್ನು ಹೊರಗೆ ತೆಗೆದು ಓದು, ಓದಿದ ಮೇಲೆ ಒದ್ದೆಯಾಗದಂತೆ ಮತ್ತೆ ಒಳಗಿಡು.